ಸತ್ಯಾಂಶ: ಸೌರ ಬಿರುಗಾಳಿಯ ರಾತ್ರಿ ಮೊಬೈಲ್ ದೂರವಿಡಬೇಕೇ?

‘ಇಂದು ರಾತ್ರಿ ಸೌರ ಬಿರುಗಾಳಿ, ಮೊಬೈಲ್ ಆಫ್ ಮಾಡಿ ದೂರವಿಡಿ, ಇಲ್ಲದಿದ್ದರೆ ದೇಹಕ್ಕೆ ಅಪಾಯ’ ಎಂದು ಹರಿದಾಡುತ್ತ ಮನೆಯ ಹಿರಿಯರನ್ನು ವೃಥಾ ಹೆದರಿಸುವ ವಾಟ್ಸ್‌ಆ್ಯಪ್ ಸಂದೇಶ ಸರಿಯಲ್ಲ. ಬಿರುಗಾಳಿ ನಿಜ, ಅದರ ಪರಿಣಾಮದ ಬಗೆ ಬೇರೆ. ಸೂರ್ಯನಿಂದ ಹೊಮ್ಮುವ ವಿದ್ಯುದಾವೇಶದ ಕಣಗಳ ಹರಿವಾದ ಸೌರಮಾರುತವು ಭೂಮಿಯ ಕಾಂತಗೋಳವನ್ನು (ಭೂಮಿಯ ಕಾಂತಕ್ಷೇತ್ರದ ಹಿಡಿತದಲ್ಲಿರುವ ಸುತ್ತಲಿನ ವಲಯ) ಕಲಕಿದಾಗ, ವಿದ್ಯುತ್ ಪ್ರವಾಹವು ಕಾಂತರೇಖೆಗಳ ಗುಂಟ ಧ್ರುವಪ್ರದೇಶದ ಅಯಾನುಗೋಳಕ್ಕೆ (ವಿದ್ಯುತ್ ಹರಿಯಬಲ್ಲ ಮೇಲ್ವಾತಾವರಣದ ಪದರ) ಇಳಿದು, ಸುಮಾರು 100 ಕಿಲೋಮೀಟರ್ ಎತ್ತರದಲ್ಲಿ ಅಡ್ಡಲಾಗಿ ಹರಿದು, ಮತ್ತೆ ಮೇಲೇರುತ್ತದೆ. ಈ ಪ್ರವಾಹ ಏರಿಳಿದಂತೆ ನೆಲದ ಮೇಲಿನ ಕಾಂತಕ್ಷೇತ್ರವೂ ಬದಲಾಗಿ, ನೂರಾರು ಕಿಲೋಮೀಟರ್ ಉದ್ದದ ವಿದ್ಯುತ್ ಮಾರ್ಗಗಳಲ್ಲಿ ಬೇಡದ ಪ್ರವಾಹ ಹುಟ್ಟುತ್ತದೆ. 1989ರ ಮಾರ್ಚ್ 13ರ ನಸುಕಿನಲ್ಲಿ ಕೆನಡಾದ ಕ್ವಿಬೆಕ್ ಪ್ರಾಂತ್ಯದ ವಿದ್ಯುತ್ ಜಾಲ ಹೀಗೆಯೇ ಎರಡು ನಿಮಿಷದೊಳಗೆ ಕುಸಿದು, ಸುಮಾರು 60 ಲಕ್ಷ ಜನ ಗಂಟೆಗಟ್ಟಲೆ ಕತ್ತಲಲ್ಲಿದ್ದರು. ಗೇಣುದ್ದವೂ ಇಲ್ಲದ ಮೊಬೈಲಿನಲ್ಲಿ ಲೆಕ್ಕಕ್ಕೆ ಸಿಗುವಷ್ಟು ಪ್ರವಾಹ ಹುಟ್ಟುವುದಿಲ್ಲ. ಜಿಪಿಎಸ್ ತುಸು ದಾರಿ ತಪ್ಪಿಸಬಹುದು. ಫೋನ್ ಆರಿಸುವುದರಿಂದ ಅದೂ ಸರಿಹೋಗದು.