ಬಂತು ನೋಡು ಬಸ್ಸು

ಚಿತ್ರದುರ್ಗದಲ್ಲಿ ಹೊಳಲ್ಕೆರೆ ರಸ್ತೆಗೆ ಹತ್ತಿರ ನಮ್ಮ ಮನೆ. ಸಂಜೆ ಆರು ಗಂಟೆಗೆ ಹತ್ತು ಹನ್ನೆರಡು ಮಕ್ಕಳು ಇಂಗ್ಲಿಷ್ ಟ್ಯೂಷನ್‌ಗೆ ಬರುತ್ತಾರೆ. ಜಾಸ್ತಿ ಜನ ಕನ್ನಡ ಮೀಡಿಯಂನಲ್ಲಿ ಎಸ್ಸೆಸ್ಸೆಲ್ಸಿ ಮುಗಿಸಿ ಈಗ ಪಿಯುಸಿ ಓದುತ್ತಿರುವವರು. ಹೋದ ವಾರ ಒಬ್ಬ ಹುಡುಗಿ ತನ್ನ ನೋಟ್‌ಬುಕ್ ತೆಗೆದು ತೋರಿಸಿದಳು. ಪುಟದ ಮಧ್ಯ ಕೆಂಪು ಪೆನ್ನಿನಲ್ಲಿ ಒಂದು ಚೌಕ. ಅದರೊಳಗೆ 'ನೋ ಸೂನರ್ ಪ್ಲಸ್ ಹ್ಯಾಡ್ ಪ್ಲಸ್ ಸಬ್ಜೆಕ್ಟ್ ಪ್ಲಸ್ ವಿ ತ್ರೀ ಪ್ಲಸ್ ದ್ಯಾನ್' ಅಂತ ಬರೆದಿದ್ದಳು. ವಿ ತ್ರೀ ಅಂದರೆ ಕ್ರಿಯಾಪದದ ಮೂರನೇ ರೂಪ. ಅದರ ಕೆಳಗೆ 'ಹಾರ್ಡ್ಲಿ'ಗೆ ಒಂದು ಚೌಕ, 'ನೆವರ್'ಗೆ ಒಂದು ಚೌಕ.

"ಮಿಸ್, ಇದೆಲ್ಲ ಬಾಯಿಪಾಠ ಆಗಿದೆ. ಆದ್ರೆ ಯಾಕೆ ಹಿಂಗೆ ತಿರುಗಿಸಿ ಹೇಳ್ಬೇಕು? ಸೀದಾ ಹೇಳಿದ್ರೆ ಏನಾಗುತ್ತೆ?" ಅಂದಳು.

ಆ ಪ್ರಶ್ನೆ ಅವತ್ತಿನಿಂದ ನನ್ನ ತಲೆಯಲ್ಲೇ ಇದೆ. ನಾನು ಓದುವಾಗಲೂ ಇದೇ ಚೌಕ ಬರೆಸಿದ್ದರು. ಪರೀಕ್ಷೆಯಲ್ಲಿ ಅದಕ್ಕೆ ಮಾರ್ಕ್ಸ್ ಬಂತು. ಯಾಕೆ ತಿರುಗಿಸಬೇಕು ಅಂತ ಯಾರೂ ಹೇಳಲಿಲ್ಲ, ನಾನೂ ಕೇಳಲಿಲ್ಲ. ಈ ಹುಡುಗಿ ಕೇಳಿದಳು. ಅವಳಿಗೆ ಹೇಳಿದ್ದನ್ನೇ ಇಲ್ಲಿ ಸ್ವಲ್ಪ ವಿವರವಾಗಿ ಬರೆಯುತ್ತೇನೆ. ಇಂಗ್ಲಿಷಿನ ಈ ಇನ್ವರ್ಷನ್ ಅನ್ನುವುದನ್ನು, ಅಂದರೆ ಕ್ರಿಯಾಪದವನ್ನು ಕರ್ತೃವಿಗಿಂತ ಮುಂದೆ ತಂದು ತಿರುಗಿಸಿ ಹೇಳುವುದನ್ನು, ನಮ್ಮ ಮಕ್ಕಳಿಗೆ ಕನ್ನಡದಿಂದಲೇ ಕಲಿಸಬೇಕು ಅನ್ನುವುದು ನನ್ನ ಗಟ್ಟಿ ಅಭಿಪ್ರಾಯ. ಯಾಕೆಂದರೆ ಅವರಿಗೆ ಅದು ಆಗಲೇ ಬರುತ್ತದೆ. ಇಡೀ ದಿನ ಅದನ್ನೇ ಮಾತಾಡುತ್ತಿರುತ್ತಾರೆ.

ಬಸ್ ಸ್ಟ್ಯಾಂಡಿನಲ್ಲಿ ನಿಂತವರನ್ನು ಒಂದು ಸಲ ಗಮನಿಸಿ. ಅರ್ಧ ಗಂಟೆ ಕಾದು ಕಾದು ಕೊನೆಗೆ ಹಿರಿಯೂರು ಬಸ್ಸು ತಿರುವಿನಲ್ಲಿ ಕಾಣಿಸಿತು ಅಂದುಕೊಳ್ಳಿ. ಯಾರಾದರೂ 'ಬಸ್ಸು ಬಂತು' ಅಂತ ವರದಿ ಓದಿದ ಹಾಗೆ ಹೇಳುತ್ತಾರಾ? 'ಬಂತು ನೋಡು ಬಸ್ಸು!' ಅನ್ನುತ್ತಾರೆ. ಕ್ರಿಯಾಪದ ಮುಂದೆ ಬಂತು, ಬಸ್ಸು ಹಿಂದೆ ಹೋಯಿತು. ಇಂಗ್ಲಿಷಿನವರು ಇದೇ ಜಾಗದಲ್ಲಿ 'ಹಿಯರ್ ಕಮ್ಸ್ ದಿ ಬಸ್' ಅನ್ನುತ್ತಾರೆ. ಅಲ್ಲೂ ಅದೇ ಆಯಿತು. ಕಮ್ಸ್ ಮುಂದೆ, ಬಸ್ ಹಿಂದೆ.

ಇದರಲ್ಲಿ ಇನ್ನೊಂದು ಸೂಕ್ಷ್ಮ ಇದೆ. ಬಸ್ ಅನ್ನುವ ಜಾಗದಲ್ಲಿ ಇಟ್ ಅಂತ ಹಾಕಿದರೆ 'ಹಿಯರ್ ಕಮ್ಸ್ ಇಟ್' ಆಗುವುದಿಲ್ಲ. 'ಹಿಯರ್ ಇಟ್ ಕಮ್ಸ್' ಅಂತಲೇ ಹೇಳಬೇಕು. ಇದನ್ನು ಮಕ್ಕಳಿಗೆ ಇನ್ನೊಂದು ರೂಲ್ ಅಂತ ಬರೆಸುತ್ತಾರೆ. ಬರೆಸುವ ಬದಲು ಕನ್ನಡದಲ್ಲಿ ಹೇಳಿಸಿ ನೋಡಿ. ಯಾವ ಬಸ್ಸು ಅಂತ ಇಬ್ಬರಿಗೂ ಗೊತ್ತಿದ್ದರೆ ನಾವು 'ಬಂತು ನೋಡು' ಅಂತ ಅಷ್ಟೇ ಹೇಳುತ್ತೇವೆ. 'ಅದು' ಅಂತ ಹೇಳುವುದೇ ಇಲ್ಲ. ಮಾತಿನ ಕೊನೆಯ ಜಾಗ ಹೊಸ ಸುದ್ದಿಗೆ ಮೀಸಲು. ಗೊತ್ತಿರುವ ಇಟ್‌ಗೆ ಅಲ್ಲಿ ಕೂರುವಷ್ಟು ತೂಕ ಇಲ್ಲ. ಹಾಗಾಗಿ ಇಂಗ್ಲಿಷ್ ಅದನ್ನು ಒಳಗೆ ಸರಿಸುತ್ತದೆ, ಕನ್ನಡ ಬಿಟ್ಟೇಬಿಡುತ್ತದೆ.

ಕನ್ನಡದಲ್ಲಿ ಒತ್ತು ಕೊಡಲು ನಮ್ಮ ಹತ್ತಿರ ದೊಡ್ಡ ಆಸ್ತಿ ಇದೆ. ಏ ಅನ್ನುವ ಒಂದು ಅಕ್ಷರ. 'ನಾನೇ ನಿನ್ನೆ ಸಂತೆಗೆ ಹೋಗಿದ್ದೆ', 'ನಾನು ನಿನ್ನೆಯೇ ಸಂತೆಗೆ ಹೋಗಿದ್ದೆ', 'ನಾನು ನಿನ್ನೆ ಸಂತೆಗೇ ಹೋಗಿದ್ದೆ'. ಪದಗಳು ಕದಲಲಿಲ್ಲ. ಏ ಮಾತ್ರ ಒಂದು ಪದದಿಂದ ಇನ್ನೊಂದಕ್ಕೆ ಹಾರಿತು, ಅರ್ಥದ ತೂಕವೂ ಅದರ ಜೊತೆ ಹಾರಿತು. ಇದಕ್ಕೆ ನಮ್ಮ ಶಾಲೆಯ ವ್ಯಾಕರಣದಲ್ಲಿ ಅವಧಾರಣೆ ಅಂತ ಹೆಸರು. ಮಕ್ಕಳು ಕನ್ನಡ ಪೀರಿಯಡ್‌ನಲ್ಲಿ ಆ ಹೆಸರು ಕಲಿಯುತ್ತಾರೆ. ಇಂಗ್ಲಿಷ್ ಪೀರಿಯಡ್ ಬಂದ ಕೂಡಲೇ ಅದು ಬೇರೆ ಯಾವುದೋ ಲೋಕದ್ದು ಅನ್ನುವ ಹಾಗೆ ಪಕ್ಕಕ್ಕೆ ಇಡುತ್ತಾರೆ.

ಪಕ್ಕಕ್ಕೆ ಇಟ್ಟರೂ ಅದು ಸುಮ್ಮನೆ ಕೂರುವುದಿಲ್ಲ. ನಾವು ಇಂಗ್ಲಿಷ್ ಮಾತಾಡುವಾಗ ಓನ್ಲಿ ಅನ್ನುವ ವೇಷ ಹಾಕಿಕೊಂಡು ಬರುತ್ತದೆ. 'ನಿನ್ನೆಯೇ ಬಂದೆ' ಅನ್ನುವುದು 'ಯೆಸ್ಟರ್ಡೇ ಓನ್ಲಿ ಐ ಕೇಮ್' ಆಗುತ್ತದೆ. 'ನಾನೇ ಮಾಡಿದ್ದು' ಅನ್ನುವುದು 'ಐ ಓನ್ಲಿ ಡಿಡ್ ಇಟ್' ಆಗುತ್ತದೆ. ಇಂಗ್ಲಿಷಿನವರ ಕಿವಿಗೆ ಓನ್ಲಿ ಅಂದರೆ ನಮ್ಮ 'ಮಾತ್ರ', ನಮ್ಮ ಏ ಅಲ್ಲ. ಡಿಗ್ರಿ ಮುಗಿದ ಹೊಸದರಲ್ಲಿ ಒಂದು ಕೆಲಸದ ಸಂದರ್ಶನಕ್ಕೆ ಬೆಂಗಳೂರಿಗೆ ಹೋಗಿದ್ದೆ. ಯಾವಾಗ ಬಂದಿರಿ ಅಂತ ಕೇಳಿದರು. 'ಯೆಸ್ಟರ್ಡೇ ನೈಟ್ ಓನ್ಲಿ ಐ ಕೇಮ್, ಸರ್' ಅಂದೆ. ಎದುರಿಗೆ ಕೂತವರಲ್ಲಿ ಒಬ್ಬರು ನನ್ನ ಮಾತನ್ನು ಅದೇ ರಾಗದಲ್ಲಿ ತಿರುಗಿ ಹೇಳಿದರು. ಉಳಿದವರು ನಕ್ಕರು. ಊರಿಗೆ ಬರುವ ದಾರಿಯುದ್ದಕ್ಕೂ ನನಗೆ ತಪ್ಪು ಏನು ಅಂತ ಗೊತ್ತಾಗಲಿಲ್ಲ. ಆಮೇಲೆ ತಿಳಿಯಿತು. ನನ್ನ ಭಾವ ಸರಿಯಾಗಿತ್ತು, ಒತ್ತು ಕೊಡಬೇಕಾದ ಜಾಗವೂ ಸರಿಯಾಗಿತ್ತು. ಅದನ್ನು ಇಂಗ್ಲಿಷಿನಲ್ಲಿ ಹೇಗೆ ಕೊಡಬೇಕು ಅನ್ನುವುದನ್ನು ಯಾರೂ ಕಲಿಸಿರಲಿಲ್ಲ ಅಷ್ಟೇ. ಅಲ್ಲಿ ನಾನು 'ಇಟ್ ವಾಸ್ ಓನ್ಲಿ ಲಾಸ್ಟ್ ನೈಟ್ ದಟ್ ಐ ಕೇಮ್' ಅನ್ನಬಹುದಿತ್ತು. 'ಐ ಕೇಮ್ ಜಸ್ಟ್ ಲಾಸ್ಟ್ ನೈಟ್' ಅಂದಿದ್ದರೂ ಸಾಕಿತ್ತು.

ಇಂಗ್ಲಿಷಿಗೆ ಈ ಕಷ್ಟ ಯಾಕೆ? ಅದರ ಪದಗಳಿಗೆ ನಮ್ಮ ಹಾಗೆ ವಿಭಕ್ತಿ ಪ್ರತ್ಯಯದ ಬಲ ಇಲ್ಲ. 'ನಾಯಿ ಹುಡುಗನನ್ನು ಕಚ್ಚಿತು' ಅನ್ನಿ, 'ಹುಡುಗನನ್ನು ನಾಯಿ ಕಚ್ಚಿತು' ಅನ್ನಿ, 'ಕಚ್ಚಿತು ಹುಡುಗನನ್ನು ನಾಯಿ' ಅನ್ನಿ. ಕಚ್ಚಿಸಿಕೊಂಡವನು ಹುಡುಗನೇ. ಅವನ ಬೆನ್ನಿಗೆ 'ಅನ್ನು' ಅಂಟಿಕೊಂಡಿದೆ, ಎಲ್ಲಿ ಕೂರಿಸಿದರೂ ಗುರುತು ಸಿಗುತ್ತದೆ. ಇಂಗ್ಲಿಷಿನಲ್ಲಿ ಡಾಗ್ ಮತ್ತು ಬಾಯ್ ಜಾಗ ಬದಲಿಸಿದರೆ ಹುಡುಗನೇ ನಾಯಿಯನ್ನು ಕಚ್ಚಿದ ಹಾಗಾಗುತ್ತದೆ. ಅಲ್ಲಿ ಕುರ್ಚಿಯೇ ಗುರುತು. ಹಾಗಿರುವಾಗ ಯಾರನ್ನಾದರೂ ಕುರ್ಚಿಯಿಂದ ಎಬ್ಬಿಸಿದರೆ ಕೇಳುವವನ ಗಮನ ತಟ್ಟನೆ ಅಲ್ಲಿಗೆ ಹೋಗುತ್ತದೆ. ಇನ್ವರ್ಷನ್‌ನ ಶಕ್ತಿ ಇರುವುದು ಇಲ್ಲೇ.

ಈಗ ಆ ಹುಡುಗಿಯ ಕೆಂಪು ಚೌಕಕ್ಕೆ ಬರುತ್ತೇನೆ. ನಮ್ಮೂರಿನ ಮಕ್ಕಳಿಗೆ ಒನಕೆ ಓಬವ್ವನ ಕಥೆ ಹೇಳಿಕೊಡಬೇಕಾಗಿಲ್ಲ. ಕಿಂಡಿಯ ಹತ್ತಿರ ನಿಂತು ಫೋಟೋ ತೆಗೆಸಿಕೊಳ್ಳದವರೇ ಇಲ್ಲ. ಹಾಗಾಗಿ ಅವತ್ತು ಆ ಕಥೆಯನ್ನೇ ಹಿಡಿದೆ. ಕಾವಲಿನ ಗಂಡ ಊಟಕ್ಕೆ ಕೂತಿದ್ದಾನೆ, ಓಬವ್ವ ನೀರು ತರಲು ಹೊಂಡಕ್ಕೆ ಹೋಗಿದ್ದಾಳೆ, ಹೈದರಾಲಿಯ ಸೈನಿಕರು ಕಿಂಡಿಯಲ್ಲಿ ನುಸುಳುತ್ತಿದ್ದಾರೆ. "ಅವಳು ಹೊಂಡದ ಹತ್ತಿರ ಹೋದ ಕೂಡಲೇ ಮಾತು ಕೇಳಿಸಿತು. ಇದನ್ನ ನಿಮ್ಮಜ್ಜಿ ಕಥೆ ಹೇಳುವಾಗ ಹೆಂಗೆ ಹೇಳ್ತಾರೆ?" ಅಂತ ಕೇಳಿದೆ.

ಒಬ್ಬ ಹುಡುಗ ಥಟ್ಟನೆ ಹೇಳಿದ: "ಹೊಂಡದ ಹತ್ರ ಹೋದ್ಲೋ ಇಲ್ವೋ, ಮಾತು ಕೇಳಿಸ್ತು."

ಅದೇ ನೋ ಸೂನರ್. 'ನೋ ಸೂನರ್ ಹ್ಯಾಡ್ ಶಿ ರೀಚ್ಡ್ ದಿ ಪಾಂಡ್ ದ್ಯಾನ್ ಶಿ ಹರ್ಡ್ ವಾಯ್ಸಸ್.' ಬೋರ್ಡ್ ಮೇಲೆ ಎರಡನ್ನೂ ಒಂದರ ಕೆಳಗೊಂದು ಬರೆದೆ. 'ಹೋದಳೋ ಇಲ್ಲವೋ' ಅನ್ನುವುದನ್ನು ಬೇರೆ ತೆಗೆದು ನೋಡಿ, ಅದು ಪ್ರಶ್ನೆ ಅಲ್ವಾ? ಇತ್ತ 'ನೋ ಸೂನರ್' ಮುಚ್ಚಿ ಉಳಿದದ್ದನ್ನು ಓದಿ. 'ಹ್ಯಾಡ್ ಶಿ ರೀಚ್ಡ್ ದಿ ಪಾಂಡ್'. ಅದೂ ಪ್ರಶ್ನೆಯ ರೂಪವೇ. ಯಾರೂ ಪ್ರಶ್ನೆ ಕೇಳುತ್ತಿಲ್ಲ, ಆದರೂ ಮಾತು ಪ್ರಶ್ನೆಯ ಅಂಗಿ ಹಾಕಿಕೊಂಡಿದೆ.

ಇದೊಂದು ಸಿಕ್ಕಿತು ನೋಡಿ, ಮುಂದಿನದೆಲ್ಲ ಸಲೀಸು. ಕಿಂಡಿಯ ಆಚೆ ಸಾಲಾಗಿ ನಿಂತ ಸೈನಿಕರಿಗೆ ಒಳಗೆ ಏನಾಗುತ್ತಿದೆ ಅಂತ ಗೊತ್ತಿಲ್ಲ. ಕನ್ನಡದಲ್ಲಿ 'ಅಲ್ಲೊಬ್ಬಳು ಒನಕೆ ಹಿಡಿದು ಕಾಯ್ತಿದ್ದಾಳೆ ಅಂತ ಅವರಿಗೇನು ಗೊತ್ತು!' ಅನ್ನುತ್ತೇವೆ. ಇಂಗ್ಲಿಷಿನಲ್ಲಿ 'ಲಿಟ್ಲ್ ಡಿಡ್ ದೇ ನೋ ದಟ್ ಎ ವುಮನ್ ವಾಸ್ ವೇಟಿಂಗ್.' ಲಿಟ್ಲ್ ತೆಗೆದರೆ 'ಡಿಡ್ ದೇ ನೋ', ನಮ್ಮದರಲ್ಲಿ 'ಏನು ಗೊತ್ತು'. 'ನೆವರ್ ಹ್ಯಾವ್ ವಿ ಸೀನ್ ಸಚ್ ಕರೇಜ್' ಅನ್ನುವುದಕ್ಕೆ 'ಇಂಥ ಧೈರ್ಯ ಎಲ್ಲಾದ್ರೂ ನೋಡಿದ್ದೀವಾ?' ಸಾಲದೇ?

ನಮ್ಮಲ್ಲಿ ಚಳ್ಳಕೆರೆ ಕಡೆಯ ಒಬ್ಬ ಹುಡುಗ ಇದ್ದಾನೆ, ಮನೆಯಲ್ಲಿ ಶೇಂಗಾ ಬೆಳೆಯುತ್ತಾರೆ. ಇಫ್ ಇಲ್ಲದೆ ಇಫ್ ಹೇಳುವ ವಾಕ್ಯಗಳು ಅವನಿಗೆ ಒಗಟಾಗಿದ್ದವು. "ನಿಮ್ಮಪ್ಪ ಮಳೆ ಬಗ್ಗೆ ಏನಂತಾರೆ?" ಅಂತ ಕೇಳಿದೆ. "ಮಳೆ ಬಂತೋ ಬಚಾವು, ಇಲ್ಲಾಂದ್ರೆ ಶೇಂಗಾ ಹೋಯ್ತು ಅಂತಾರೆ ಮಿಸ್" ಅಂದ. 'ಬಂದರೆ' ಅನ್ನಲಿಲ್ಲ, 'ಬಂತೋ' ಅಂದ. 'ಶುಡ್ ಇಟ್ ರೇನ್, ದಿ ಕ್ರಾಪ್ ವಿಲ್ ಸರ್ವೈವ್' ಅನ್ನುವುದರಲ್ಲಿ ಇಫ್ ಬಿಟ್ಟುಹೋಗಿ ಶುಡ್ ಮುಂದೆ ಬಂದಿರುವುದು ಅವನಿಗೆ ಆಮೇಲೆ ಅಷ್ಟು ಅಪರಿಚಿತ ಅನ್ನಿಸಲಿಲ್ಲ. 'ಹ್ಯಾಡ್ ಐ ನೋನ್' ಅನ್ನುವುದೂ ಇದೇ ಜಾತಿಯದು.

ಎರಡು ಭಾಷೆಯಲ್ಲೂ ಇದು ಒಂದೇ ಕಾರಣಕ್ಕೆ ಬಂತು ಅಂತ ನಾನು ಹೇಳುತ್ತಿಲ್ಲ. ಇಂಗ್ಲಿಷಿಗೆ ಅದರದ್ದೇ ಚರಿತ್ರೆ ಇದೆ. ಸಾವಿರ ವರ್ಷದ ಹಿಂದಿನ ಇಂಗ್ಲಿಷಿನಲ್ಲಿ ವಾಕ್ಯದ ಮೊದಲಿಗೆ ಬೇರೆ ಯಾವುದಾದರೂ ಪದ ಬಂದರೆ ಕ್ರಿಯಾಪದ ಎರಡನೇ ಜಾಗಕ್ಕೆ ಬಂದು, ಕರ್ತೃ ಅದರ ಹಿಂದೆ ಹೋಗುವುದು ಸಾಮಾನ್ಯವಾಗಿತ್ತು. ಅದರ ಬಂಧು ಭಾಷೆ ಜರ್ಮನ್‌ನಲ್ಲಿ ಇವತ್ತಿಗೂ ಹಾಗೇ. ಇಂಗ್ಲಿಷಿನಲ್ಲಿ ಆ ಪದ್ಧತಿ ನಿಧಾನವಾಗಿ ಸವೆದು, ಪ್ರಶ್ನೆಗಳಲ್ಲೂ ನೆವರ್‌ನಂಥ ಇಲ್ಲ ಅನ್ನುವ ಪದಗಳ ಹಿಂದೆಯೂ ಉಳಿದುಕೊಂಡಿದೆ. ಬರೀ ಕ್ರಿಯಾಪದವನ್ನು ಹಿಂದೆ ಮುಂದೆ ಮಾಡುವುದು ಬಿಟ್ಟುಹೋದ ಮೇಲೆ ಡು, ಡಸ್, ಡಿಡ್ ಆ ಕೆಲಸಕ್ಕೆ ಬಂದವು. ಹಾಗಾಗಿಯೇ 'ಲಿಟ್ಲ್ ನ್ಯೂ ದೇ' ಅನ್ನದೆ 'ಲಿಟ್ಲ್ ಡಿಡ್ ದೇ ನೋ' ಅನ್ನುವುದು.

ಪ್ರಶ್ನೆ ಮಾಡಲು ಬಂದರೆ ಇನ್ವರ್ಷನ್ ಬಂದ ಹಾಗೆ. ಆದರೆ ನಮ್ಮ ಮಕ್ಕಳು ಎಡವುವುದೂ ಪ್ರಶ್ನೆಯಲ್ಲೇ. 'ಯಾಕೆ ನೀನು ಅಳ್ತಿದ್ದೀಯ' ಅನ್ನುವಾಗ ಕನ್ನಡದಲ್ಲಿ ಏನೂ ಪಲ್ಟಿ ಹೊಡೆಯಬೇಕಿಲ್ಲ. ಅದಕ್ಕೇ 'ವೈ ಯು ಆರ್ ಕ್ರೈಯಿಂಗ್' ಬರುತ್ತದೆ. ಮೊದಲು ಅದನ್ನು ಬಾಯಲ್ಲಿ ರೂಢಿ ಮಾಡಿಸಬೇಕು. ಚೌಕ ಆಮೇಲೆ ನೋಡೋಣ. ನನಗೆ ಕೇಳಿದರೆ ಚೌಕ ಬೇಕಾಗುವುದೇ ಇಲ್ಲ.

ಓನ್ಲಿ ಬಗ್ಗೆ ಒಂದು ಎಚ್ಚರಿಕೆ, ಯಾಕೆಂದರೆ ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರು ಇಲ್ಲಿ ಸುಲಭದ ಅಂಕ ಕಳೆದುಕೊಳ್ಳುತ್ತಾರೆ. 'ಓನ್ಲಿ ಓಬವ್ವ ಹರ್ಡ್ ದೆಮ್' ಅನ್ನುವಾಗ ಏನೂ ತಿರುಗಿಸಬಾರದು, ಓನ್ಲಿ ಅಂಟಿರುವುದು ಕರ್ತೃವಿಗೆ. 'ಓನ್ಲಿ ದೆನ್ ಡಿಡ್ ಹರ್ ಹಸ್ಬೆಂಡ್ ಕಮ್' ಅನ್ನುವಾಗ ತಿರುಗಿಸಬೇಕು, ಓನ್ಲಿ ಅಂಟಿರುವುದು ಹೊತ್ತಿಗೆ. ಕನ್ನಡದಲ್ಲಿ ಒಂದು 'ಓಬವ್ವನಿಗೆ ಮಾತ್ರ', ಇನ್ನೊಂದು 'ಆಗಲೇ'. ಎರಡಕ್ಕೂ ನಮ್ಮಲ್ಲಿ ಬೇರೆ ಬೇರೆ ಪದ ಇದೆ. ಮಗು ಮೊದಲು ಕನ್ನಡದಲ್ಲಿ ಯೋಚಿಸಿದರೆ ಇಲ್ಲಿ ತಪ್ಪುವ ಸಂಭವ ಕಡಿಮೆ. ಇದನ್ನು ನಾನು ಟ್ಯೂಷನ್‌ನಲ್ಲಿ ಮತ್ತೆ ಮತ್ತೆ ನೋಡಿದ್ದೇನೆ. 'ಕ್ಲಾಸಿನೊಳಗೆ ಕನ್ನಡ ಬಾಯಿಗೇ ಬರಬಾರದು' ಅಂತ ಹೇಳುವವರ ಮೇಲೆ ನನಗೆ ಸಿಟ್ಟು ಬರುವುದು ಇದಕ್ಕೇ. ಮಗುವಿನ ಕೈಲಿರುವ ದೀಪ ಆರಿಸಿ ಕತ್ತಲಲ್ಲಿ ಹುಡುಕು ಅಂದ ಹಾಗೆ ಅದು.

ಕಲಿತ ಮೇಲೆ ಎಲ್ಲ ಕಡೆ ಹಾಕಬಾರದು, ಅದೂ ನಿಜ. ರಜೆ ಚೀಟಿಯಲ್ಲಿ 'ನೆವರ್ ಹ್ಯಾವ್ ಐ ಸಫರ್ಡ್ ಸಚ್ ಎ ಫೀವರ್' ಅಂತ ಬರೆದರೆ ಜ್ವರಕ್ಕಿಂತ ಮಾತೇ ಜೋರಾಗುತ್ತದೆ. ಮನೆಯಲ್ಲೂ ಪ್ರತಿ ಮಾತಿಗೂ ಏ ಹಚ್ಚಿ ಮಾತಾಡುವವರ ಜೊತೆ ಹತ್ತು ನಿಮಿಷ ಕೂರುವುದು ಕಷ್ಟ ಅಲ್ವಾ?

ಪಾಠದ ಕೊನೆಗೆ ಒಂದು ಕೆಲಸ ಕೊಟ್ಟಿದ್ದೆ. ನಿಮ್ಮ ಮನೆಯಲ್ಲಿ ಯಾರಾದರೂ ತುಂಬ ಒತ್ತಿ ಹೇಳುವ ಒಂದು ಮಾತನ್ನು ಕನ್ನಡದಲ್ಲಿ ಬರೆದುಕೊಂಡು ಬನ್ನಿ, ಅದಕ್ಕೆ ಇಂಗ್ಲಿಷ್ ಹುಡುಕೋಣ ಅಂತ. ಕೆಂಪು ಚೌಕದ ಹುಡುಗಿಯ ಊರು ಹಿರಿಯೂರಿನ ಹತ್ತಿರ. ಅಲ್ಲಿನ ವಾಣಿವಿಲಾಸ ಸಾಗರ ಅಣೆಕಟ್ಟು 1933ರಲ್ಲಿ ಕೋಡಿ ಬಿದ್ದದ್ದು ಬಿಟ್ಟರೆ ಮತ್ತೆ ಬಿದ್ದದ್ದು 2022ರಲ್ಲಿ. ನಡುವೆ 89 ವರ್ಷ. ಅವಳ ತಾತನಿಗೆ ಎಂಬತ್ತು ದಾಟಿದೆ. ಕೋಡಿ ಅನ್ನುವುದನ್ನು ತನ್ನ ಅಪ್ಪನ ಬಾಯಲ್ಲಿ ಕೇಳಿದ್ದಷ್ಟೇ, ಕಣ್ಣಲ್ಲಿ ಕಂಡದ್ದು ಆ ಸೆಪ್ಟೆಂಬರ್‌ನಲ್ಲೇ ಅಂತೆ.

ಅವಳು ಬರೆದುಕೊಂಡು ಬಂದ ತಾತನ ಮಾತು ಇದು: "ಈ ವಯಸ್ಸಿನವರೆಗೂ ಕೋಡಿ ನೋಡೇ ಇರ್ಲಿಲ್ಲ ಕಣವ್ವ."

'ನೋಡೇ' ಅನ್ನುವುದರ ಏ ಕೆಳಗೆ ಪೆನ್ಸಿಲ್ಲಿನಲ್ಲಿ ಎರಡು ಗೆರೆ ಎಳೆದಿದ್ದಳು. ಅದರ ಕೆಳಗೆ ಅವಳೇ ಮಾಡಿದ ಇಂಗ್ಲಿಷ್ ಇತ್ತು. 'ನಾಟ್ ಅಂಟಿಲ್ 2022 ಡಿಡ್ ಮೈ ತಾತ ಸೀ ದಿ ಕೋಡಿ.' ಡಿಡ್ ತನ್ನ ಜಾಗದಲ್ಲೇ ಕೂತಿತ್ತು. "ತಾತ, ಕೋಡಿ ಎರಡಕ್ಕೂ ಇಂಗ್ಲಿಷ್ ಹಾಕ್ಲಾ ಮಿಸ್?" ಅಂತ ಕೇಳಿದಳು.

ಬೇಡ, ಅವು ಹಾಗೇ ಇರಲಿ ಅಂದೆ.