ಅಪ್ಪನ ಹೆಸರಿನದೋ, ಗಂಡನ ಹೆಸರಿನದೋ?

2022ರ ಏಪ್ರಿಲ್‌ನಲ್ಲಿ ತಂಗಿಯ ಜೊತೆ ನಾಡಕಚೇರಿಯ ಸರದಿಯಲ್ಲಿ ನಿಂತಿದ್ದೆ. ರಾಜ್ಯದಲ್ಲಿ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ಹುದ್ದೆಗಳಿಗೆ ಅರ್ಜಿ ಕರೆದಿದ್ದರು. ಅವಳಿಗೆ ಜಾತಿ ಮತ್ತು ಆದಾಯ ಪ್ರಮಾಣಪತ್ರ ಬೇಕಿತ್ತು. ಕಿಟಕಿಯ ಆಚೆ ಕೂತಿದ್ದವರು ತಲೆಯೆತ್ತದೆ, "ತಂದೆ ಹೆಸರಲ್ಲೋ, ಗಂಡನ ಹೆಸರಲ್ಲೋ?" ಎಂದರು. ಯಾವುದು ನಡೆಯುತ್ತದೆ ಸಾರ್ ಎಂದರೆ, "ಅದು ನೇಮಕಾತಿ ಮಾಡೋರಿಗೆ ಗೊತ್ತಮ್ಮ" ಎಂಬ ಉತ್ತರ ಬಂತು. ಹುಟ್ಟಿನಿಂದ ಬಂದ ಜಾತಿಗೆ ಹುಟ್ಟಿಸಿದವರ ದಾಖಲೆಯೇ ತಾನೇ ಎಂದುಕೊಂಡು ತಂಗಿ ಅಪ್ಪನ ಹೆಸರು ಬರೆಸಿದಳು.

ಅವಳಿಗೆ ಪರೀಕ್ಷೆಯಲ್ಲಿ ಅಂಕಗಳೇ ಸಾಲಲಿಲ್ಲ. ಹಾಗಾಗಿ ಇದು ಅವಳ ಪರವಾದ ದೂರಲ್ಲ. ಆದರೆ ಅಂಕ ಬಂದಿದ್ದ ಹಲವು ವಿವಾಹಿತೆಯರು ಗಂಡನ ಬದಲು ತಂದೆಯ ಪ್ರಮಾಣಪತ್ರ ಕೊಟ್ಟಿದ್ದಾರೆಂಬ ಕಾರಣಕ್ಕೆ ಮೀಸಲಾತಿ ಕಳೆದುಕೊಂಡು, ಆ ವರ್ಷದ ನವೆಂಬರ್‌ನ ತಾತ್ಕಾಲಿಕ ಪಟ್ಟಿಯಲ್ಲಿ ಸಾಮಾನ್ಯ ವರ್ಗಕ್ಕೆ ಬಿದ್ದರು. ಅವರು ಹೈಕೋರ್ಟ್‌ಗೆ ಹೋದರು. 2023ರ ಜನವರಿಯಲ್ಲಿ ಏಕಸದಸ್ಯ ಪೀಠ ಆ ಪಟ್ಟಿಯನ್ನು ರದ್ದುಪಡಿಸಿತು. ಅಕ್ಟೋಬರ್‌ನಲ್ಲಿ ವಿಭಾಗೀಯ ಪೀಠ, ಇಂಥ ತಕರಾರು ಮೊದಲು ಸರ್ಕಾರಿ ನೌಕರಿಯ ವ್ಯಾಜ್ಯಗಳನ್ನು ನೋಡುವ ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು ಎಂದು ಹೇಳಿ, 13,352 ಮಂದಿಯ ನೇಮಕಕ್ಕೆ ದಾರಿ ಬಿಟ್ಟಿತು. ಬರೆದ ಪರೀಕ್ಷೆ ಎರಡು ದಿನದ್ದು, ಅದರ ಬೆನ್ನಿಗೆ ಬಂದ ವ್ಯಾಜ್ಯ ಹೈಕೋರ್ಟ್‌ನಲ್ಲೇ ಸುಮಾರು ಒಂದು ವರ್ಷ ನಡೆಯಿತು.

ಹೆಣ್ಣಿನ ಅರ್ಹತೆಯನ್ನು ಅವಳ ಮದುವೆಗೆ ಗಂಟು ಹಾಕುವ ಚಾಳಿ ನಮ್ಮ ಸರ್ಕಾರಿ ಸೇವೆಗೆ ಹೊಸದಲ್ಲ. ವಿರಾಜಪೇಟೆಯಲ್ಲಿ ಹುಟ್ಟಿದ ಸಿ.ಬಿ. ಮುತ್ತಮ್ಮ 1949ರಲ್ಲಿ ವಿದೇಶಾಂಗ ಸೇವೆಗೆ ಸೇರಿದ ಮೊದಲ ಮಹಿಳೆ. ಮದುವೆಯಾದರೆ ರಾಜೀನಾಮೆ ಕೊಡುತ್ತೇನೆಂದು ಸೇರುವಾಗಲೇ ಅವರಿಂದ ಮುಚ್ಚಳಿಕೆ ಬರೆಸಿಕೊಂಡಿದ್ದರು. ಮದುವೆಯಾದ ಮಹಿಳೆ ನೇಮಕವನ್ನು ಹಕ್ಕಾಗಿ ಕೇಳುವಂತಿಲ್ಲ ಎಂದು ಒಂದು ನಿಯಮ. ಸೇವೆಯಲ್ಲಿರುವ ಮಹಿಳೆ ಮದುವೆಗೆ ಸರ್ಕಾರದ ಲಿಖಿತ ಅನುಮತಿ ಪಡೆಯಬೇಕು, ಸಂಸಾರದಿಂದ ಕೆಲಸ ಕೆಡುತ್ತಿದೆ ಎನಿಸಿದರೆ ರಾಜೀನಾಮೆ ಕೇಳಬಹುದು ಎಂದು ಇನ್ನೊಂದು. ಗಂಡಸರ ಸಂಸಾರದಿಂದ ಕೆಲಸ ಕೆಡುವ ಸಾಧ್ಯತೆ ನಿಯಮ ಬರೆದವರಿಗೆ ಹೊಳೆದಿರಲಿಲ್ಲ! ಬಡ್ತಿ ನಿರಾಕರಿಸಿದಾಗ ಮುತ್ತಮ್ಮ ಸುಪ್ರೀಂ ಕೋರ್ಟ್‌ಗೆ ಹೋದರು. ಪ್ರಕರಣ ನಡೆಯುತ್ತಿರುವಾಗಲೇ ಸರ್ಕಾರ ಬಡ್ತಿ ಕೊಟ್ಟಿತು, ಹಾಗಾಗಿ 1979ರಲ್ಲಿ ಅರ್ಜಿ ವಜಾ ಆಯಿತು. ಆದರೆ ತೀರ್ಪು ಬರೆದ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್, ಅರ್ಜಿ ವಜಾ ಆದರೂ ಸಮಸ್ಯೆ ವಜಾ ಆಗಿಲ್ಲ ಎಂದು ದಾಖಲಿಸಲು ಮರೆಯಲಿಲ್ಲ.

ಸಮಸ್ಯೆ ವಜಾ ಆಗಿರಲಿಲ್ಲ ಎಂಬುದಕ್ಕೆ ನಮ್ಮದೇ ರಾಜ್ಯ ಸಾಕ್ಷಿ. ಸೇವೆಯಲ್ಲಿದ್ದಾಗ ತೀರಿಕೊಂಡ ನೌಕರರ ಮಕ್ಕಳಿಗೆ ಅನುಕಂಪದ ನೌಕರಿ ಕೊಡುವ 1996ರ ನಿಯಮಗಳಲ್ಲಿ, ಮಗಳಾದರೆ "ಅವಿವಾಹಿತೆ" ಆಗಿರಬೇಕಿತ್ತು. ಮಗನಿಗೆ ಆ ಷರತ್ತಿರಲಿಲ್ಲ. ಮಗಳೊಬ್ಬಳು ಪ್ರಶ್ನಿಸಿದಾಗ, 2020ರ ಡಿಸೆಂಬರ್‌ನಲ್ಲಿ ಹೈಕೋರ್ಟ್ ಆ ಪದವನ್ನು ತೆಗೆದುಹಾಕಿತು. ಮರುವರ್ಷ ಸರ್ಕಾರವೂ ನಿಯಮ ತಿದ್ದಿತು. ಅದರ ಮರುವರ್ಷವೇ ಅದೇ ಸರ್ಕಾರದ ಇನ್ನೊಂದು ಇಲಾಖೆಯ ಪಟ್ಟಿಯಲ್ಲಿ ಗಂಡ ಮತ್ತೆ ಕಾಣಿಸಿಕೊಂಡ.

ಶ್ರೀಮಂತನನ್ನು ಮದುವೆಯಾದವಳಿಗೂ ಮೀಸಲಾತಿ ಸಿಗಬೇಕೇ ಎಂದು ಗೆಳೆಯರೊಬ್ಬರು ಕೇಳಿದ್ದರು. ಪ್ರಶ್ನೆಯನ್ನು ತಳ್ಳಿಹಾಕುವಂತಿಲ್ಲ. ಆದರೆ ಹಿಂದುಳಿದ ವರ್ಗಗಳಲ್ಲೇ ಅನುಕೂಲವಂತರಾದವರನ್ನು ಮೀಸಲಾತಿಯಿಂದ ಹೊರಗಿಡುವ ಕೆನೆಪದರದ ಲೆಕ್ಕ ಹುಟ್ಟಿದ್ದೇ, ಅಭ್ಯರ್ಥಿ ಯಾವ ಮನೆಯಲ್ಲಿ ಬೆಳೆದು ಎಷ್ಟು ಅನುಕೂಲದಲ್ಲಿ ಓದಿದ್ದಾರೆ ಎಂದು ನೋಡುವುದಕ್ಕೆ. ಕೇಂದ್ರ ಸರ್ಕಾರದ 1993ರ ಆದೇಶ ತಂದೆತಾಯಿಯ ಸ್ಥಾನಮಾನವನ್ನು ನೋಡುತ್ತದೆಯೇ ಹೊರತು ಗಂಡನದನ್ನಲ್ಲ. ಇಪ್ಪತ್ತೈದನೇ ವಯಸ್ಸಿನಲ್ಲಿ ಬಂದ ಗಂಡನ ಸಂಬಳ ಅವಳ ಹತ್ತನೇ ತರಗತಿಯ ಶುಲ್ಕ ಕಟ್ಟಿರಲು ಸಾಧ್ಯವಿಲ್ಲ. ರಾಜ್ಯಕ್ಕೆ ಬೇರೆ ಅಭಿಪ್ರಾಯವಿದ್ದರೆ ಅದನ್ನು ಅಧಿಸೂಚನೆಯ ದಿನವೇ ಎಲ್ಲರಿಗೂ ತಿಳಿಯುವಂತೆ ಬರೆಯಲಿ, ಒಪ್ಪದವರು ಪರೀಕ್ಷೆಗೆ ಮೊದಲೇ ಪ್ರಶ್ನಿಸಲಿ. ಯಾರ ಹೆಸರಿನ ಪ್ರಮಾಣಪತ್ರ ಬೇಕೆಂದು ತೋರಿಸುವ ಭರ್ತಿ ಮಾಡಿದ ಮಾದರಿಯೊಂದನ್ನು ಅಧಿಸೂಚನೆಗೇ ಲಗತ್ತಿಸಲು ಹೆಚ್ಚುವರಿಯಾಗಿ ಬೇಕಾಗುವುದು ಒಂದು ಪುಟ. ಅದರ ಪ್ರತಿಯನ್ನು ನಾಡಕಚೇರಿಯ ಆ ಕಿಟಕಿಗೂ ಅಂಟಿಸಬಹುದು.