ಬೋರ್ಡು ನೋಡಿ ಹತ್ತಿ ಸ್ವಾಮಿ

ನಿನ್ನೆ ರಾತ್ರಿ ಎರಡೂವರೆ ಗಂಟೆ ಕಾಲ ಲೈವಿನಲ್ಲಿ ಗೇಮಿನ ಬಸ್ಸು ಓಡಿಸಿದೆ. 23 ಜನ ಕೂತು ನೋಡಿದರು. ಅದರಲ್ಲಿ 17 ಜನ ಬಂದಿದ್ದು ಚೆಸ್ ನೋಡೋಕೆ.

ತಪ್ಪು ನನ್ನದೇ. ಆದರೂ ಬೆಳಿಗ್ಗೆಯಿಂದ ಯಾರನ್ನಾದರೂ ಬೈಯಬೇಕು ಅನ್ನಿಸುತ್ತಿದೆ. ಕಾಫಿ ಸುಟ್ಟಿತು ಅಂತ ಲೋಟವನ್ನು ಬೈದೆ, ಸಾಲಲಿಲ್ಲ. ಅದಕ್ಕೇ ಬರೆಯಲು ಕೂತೆ.

ಗೇಮ್ ಲೈವ್ ಮಾಡುವವರಿಗೆ ಭಾನುವಾರ ರಾತ್ರಿಯ ಪೂಜಾವಿಧಾನ ಗೊತ್ತೇ ಇರುತ್ತೆ. ಪಾತ್ರೆ ತೊಳೆದು ಮುಗಿಸಬೇಕು (ಇದು ನಮ್ಮ ಮನೆಯ ಒಪ್ಪಂದ, ನಿಮ್ಮದು ಬೇರೆ ಇರಬಹುದು). ಫೋನಿನಿಂದ ಲ್ಯಾಪ್‌ಟಾಪಿಗೆ ಕೇಬಲ್ ಚುಚ್ಚಬೇಕು. ಪರದೆಯನ್ನು ಲೈವ್ ಕಳಿಸುವ ಓಬಿಎಸ್ ಅನ್ನುವ ತಂತ್ರಾಂಶ ತೆರೆಯಬೇಕು. ಮೈಕಿಗೆ ಸದ್ದು ಬರುತ್ತೆ ಅಂತ ಫ್ಯಾನ್ ಆರಿಸಬೇಕು. ಮೇಲಿನ ಮನೆಯವರ ಮಿಕ್ಸಿ ನಿಲ್ಲುವ ತನಕ ಕಾಯಬೇಕು. ಆಮೇಲೆ 'ಎಲ್ಲರಿಗೂ ನಮಸ್ಕಾರ' ಅಂತ ಯಾರೂ ಇಲ್ಲದ ಪರದೆಗೆ ಕೈ ಮುಗಿದು ಶುರು ಮಾಡಬೇಕು.

ಈ ಪಟ್ಟಿಯಲ್ಲಿ ಕೆಟಗರಿ, ಅಂದರೆ ಯಾವ ಗೇಮು ಅನ್ನುವ ಗುರುತು, ಬರಲಿಲ್ಲ, ಗಮನಿಸಿದಿರಾ? ನಿನ್ನೆ ನನ್ನ ತಲೆಗೂ ಬರಲಿಲ್ಲ. ನನ್ನ ಓಬಿಎಸ್‌ಗೆ ಗೊತ್ತಿರುವುದು ಒಂದು ಸ್ಟ್ರೀಮ್ ಕೀ, ಅಂದರೆ ನನ್ನ ಚಾನೆಲಿನ ಗುಟ್ಟಿನ ವಿಳಾಸ, ಅಷ್ಟು ಮಾತ್ರ. ಚಿತ್ರ, ಸದ್ದು ಎರಡನ್ನೂ ಹೊತ್ತುಕೊಂಡು ಹೋಗಿ ಅಲ್ಲಿ ಸುರಿಯುತ್ತೆ. ಅದು ಬಸ್ಸೋ, ಬಂದೂಕೋ, ಬದನೆಕಾಯಿ ಎಣ್ಣೆಗಾಯಿಯೋ ಅಂತ ಅದು ಕೇಳುವುದಿಲ್ಲ. ಏನು ಆಡುತ್ತಿದ್ದೀರಿ ಅನ್ನುವುದನ್ನು ನಾವೇ ಲೈವ್ ತಾಣದೊಳಗೆ ಹೋಗಿ, ಪೆನ್ಸಿಲ್ ಗುರುತು ಒತ್ತಿ, ಹುಡುಕಿ ಹಾಕಬೇಕು. ಹಾಕದಿದ್ದರೆ ಹೋದ ಸಲದ್ದೇ ಕೂತಿರುತ್ತೆ, ಹಬ್ಬ ಮುಗಿದರೂ ಬಾಗಿಲಲ್ಲಿ ಒಣಗುವ ತೋರಣದ ಹಾಗೆ.

ಹೋದ ಸಲ ಅಕ್ಕನ ಮಗ ಬಂದಿದ್ದ. 2024ರ ಡಿಸೆಂಬರಿನಲ್ಲಿ ಗುಕೇಶ್ ಸಿಂಗಪುರದಲ್ಲಿ ಹದಿನೆಂಟು ವರ್ಷಕ್ಕೇ ಚೆಸ್ ವಿಶ್ವ ಚಾಂಪಿಯನ್ ಆದ ಮೇಲೆ ಈ ಹುಡುಗ ಬ್ಯಾಟು ಮುಟ್ಟಿಲ್ಲ. 'ಮಾಮಾ, ಒಂದೇ ಗೇಮ್' ಅಂತ ನನ್ನ ಚಾನೆಲಿನಲ್ಲಿ ಮೂರು ಗಂಟೆ ಚೆಸ್ ಆಡಿದ. ಕೆಟಗರಿಯನ್ನು ಅವನೇ ಶಿಸ್ತಾಗಿ 'ಚೆಸ್' ಅಂತ ಬದಲಾಯಿಸಿದ್ದ. ಹನ್ನೊಂದು ವರ್ಷದವನಿಗೆ ಇದ್ದ ಶಿಸ್ತು ನನಗಿಲ್ಲ.

ನಾನು ಆಡುವುದು ಬಸ್ ಸಿಮ್ಯುಲೇಟರ್ ಇಂಡೋನೇಷ್ಯಾ. ಮಾಲಿಯೋ ಅನ್ನುವ ಅಲ್ಲಿನ ಕಂಪನಿ 2017ರಲ್ಲಿ ಬಿಟ್ಟ ಮೊಬೈಲ್ ಗೇಮು. ಇಂಡೋನೇಷ್ಯಾದಲ್ಲೂ ನಮ್ಮ ಹಾಗೇ ಎಡಗಡೆ ಓಡಿಸುತ್ತಾರೆ, ಹಾಗಾಗಿ ಕೈಗೆ ಕೂಡಲೇ ಒಗ್ಗುತ್ತೆ. ಬಸ್ಸಿಗೆ ನಮಗೆ ಬೇಕಾದ ಬಣ್ಣ ಬಳಿಯಬಹುದು. ಈ ಒಂದು ಸೌಲಭ್ಯದಿಂದಾಗಿ ನಮ್ಮ ಹುಡುಗರು ಜಕಾರ್ತಾದ ರಸ್ತೆಗಳಲ್ಲಿ ಕೆಂಪು ಬಸ್ಸು, ರಾಜಹಂಸ, ಐರಾವತ ಎಲ್ಲ ಓಡಿಸುತ್ತಿದ್ದಾರೆ. ನಾನೂ ಅಷ್ಟೇ. ಪರದೆಯಲ್ಲಿ ತೆಂಗಿನಮರ ಕಂಡರೆ ಅದು ತಿಪಟೂರು ಅಂತ ನಾನೂ ನನ್ನ ಆರು ಜನ ಪ್ರೇಕ್ಷಕರೂ ಒಪ್ಪಿಕೊಂಡಿದ್ದೇವೆ.

ಆ ಆರರಲ್ಲಿ ಒಬ್ಬ ನನ್ನ ಸೋದರಮಾವ. ಶಿವಮೊಗ್ಗ ಡಿಪೋದಲ್ಲಿ ಮೂವತ್ತನಾಲ್ಕು ವರ್ಷ ಕಂಡಕ್ಟರ್ ಆಗಿದ್ದವನು, ಈಗ ರಿಟೈರ್. ಒಂದು ದಿನ ಸುಮ್ನೆ ತೋರಿಸಿದ್ದೆ ಅಷ್ಟೇ. ಅವತ್ತಿನಿಂದ ಭಾನುವಾರ ರಾತ್ರಿ ಒಂಬತ್ತಕ್ಕೆ ಡ್ಯೂಟಿಗೆ ಹಾಜರು. ಟೈಪ್ ಮಾಡಲು ಬರಲ್ಲ, ಫೋನಿಗೆ ಬಾಯಲ್ಲೇ ಹೇಳುತ್ತಾನೆ, ಅದು ಚಾಟಿನಲ್ಲಿ ಕನ್ನಡವಾಗಿ ಬೀಳುತ್ತೆ. ಮೊದಲು 'ರೈಟ್ ರೈಟ್'. ಕಡೂರು ದಾಟಿದ ಮೇಲೆ 'ಮುಂದಕ್ಕೆ ಹೋಗ್ರಿ ಮುಂದಕ್ಕೆ ಹೋಗ್ರಿ ಹಿಂದೆ ಖಾಲಿ ಇದೆ'. ನಾನು ಓವರ್‌ಟೇಕ್ ಮಾಡಿದರೆ 'ಹೋಲ್ಡಾನ್'. ಲೈವ್ ಅನ್ನುವುದು ಅವನ ಫೋನಿಗೆ ತಲುಪುವ ಹೊತ್ತಿಗೆ ಹತ್ತು ಸೆಕೆಂಡ್ ತಡ. ಅವನ ಹೋಲ್ಡಾನ್ ಬರುವಾಗ ನಾನು ಲಾರಿಗೆ ಗುದ್ದಿ, ಹಿಂದೆ ತೆಗೆದು, ಮತ್ತೆ ಹೊರಟಿರುತ್ತೇನೆ. ಸರಿಯಾಗಿ ಹೊರಟ ಬಸ್ಸಿಗೆ ಹೋಲ್ಡಾನ್ ಬೀಳುತ್ತೆ.

ಒಮ್ಮೆ ಚೆಂದದ ಕೆಂಪು ಬಸ್ಸಿನ ಬಣ್ಣ ಸಿಕ್ಕಿತು ಅಂತ ಹಾಕಿಕೊಂಡು ಬಂದಿದ್ದೆ. ಮೇಲೆ ಕೆಎಸ್‌ಆರ್‌ಟಿಸಿ ಅಂತಲೇ ಇತ್ತು. ಮಾವ ಎರಡು ಸೆಕೆಂಡಿಗೆ ಹಿಡಿದ. 'ಇದು ಕೇರಳದ್ದು.' ಆಮೇಲೆ ಅರ್ಧ ಗಂಟೆ ಎರಡು ರಾಜ್ಯಕ್ಕೂ ಒಂದೇ ಹೆಸರಿನ ಜಗಳ, ಟ್ರೇಡ್‌ಮಾರ್ಕು, 2023ರ ಡಿಸೆಂಬರಿನಲ್ಲಿ ಮದ್ರಾಸ್ ಹೈಕೋರ್ಟು ಕೇರಳದ ಅರ್ಜಿ ವಜಾ ಮಾಡಿದ್ದು, ಎಲ್ಲ ಹೇಳಿದ. ಬಸ್ಸು ಅಷ್ಟರಲ್ಲಿ ಸುರಬಾಯಾದ ಕಾಲುವೆಯಲ್ಲಿ ಇತ್ತು.

ಇಂಥ ಮನುಷ್ಯನಿಗೆ ಕೆಟಗರಿ ಅಂದರೇನು ಅಂತ ಹೇಳಿಕೊಡುವಾಗ ನನಗೆ ಸಾಕಾಗಿತ್ತು. ಕೆಟಗರಿ ಅಂದ ಕೂಡಲೇ 'ನಮ್ದು 2ಎ ನಾ 3ಬಿ ನಾ, ನಿನಗೆ ಗೊತ್ತಿಲ್ವಾ?' ಅಂದ. ಅದಲ್ಲ ಮಾವ, ಜನ ಏನು ನೋಡಬೇಕು ಅಂತ ಹುಡುಕುತ್ತಾರಲ್ಲ, ಆ ಪಟ್ಟಿಯಲ್ಲಿ ನಾವು ಎಲ್ಲಿದ್ದೀವಿ ಅನ್ನೋದು ಅಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, 'ಬೋರ್ಡು ಅನ್ನು ಮತ್ತೆ' ಅಂದ. ಅಲ್ಲಿಂದ ಮುಂದೆ ನಮ್ಮಲ್ಲಿ ಅದು ಬೋರ್ಡೇ.

ಸರಿಯಾದ ಬೋರ್ಡು ಹುಡುಕುವುದೂ ಸುಲಭವಲ್ಲ, ಅದನ್ನೂ ಹೇಳಿಬಿಡುತ್ತೇನೆ. 'ಬಸ್' ಅಂತ ಹೊಡೆದರೆ ಬಸ್ ಸಿಮ್ಯುಲೇಟರ್ 16, 18, 21 ಅಂತ ಸಾಲು ನಿಲ್ಲುತ್ತೆ, ಮೆಜೆಸ್ಟಿಕ್ಕಿನಲ್ಲಿ ನಿಂತ ಹಾಗೆ. ಅವೆಲ್ಲ ಜರ್ಮನಿಯ ಕಂಪನಿ ಹೊರತಂದ ಗೇಮುಗಳು. ಪಕ್ಕದಲ್ಲಿ ಬರ್ಲಿನ್ನಿನ ಬಸ್ಸು ಓಡಿಸುವ ಓಮ್ಸಿ. ಆತುರದಲ್ಲಿ ಯಾವುದಕ್ಕೋ ಹತ್ತಿಬಿಡುತ್ತೇವೆ. ಟ್ವಿಚ್ ಅನ್ನುವ ಲೈವ್ ತಾಣ 2011ರಲ್ಲಿ ಶುರುವಾದಾಗ ಅಲ್ಲಿ ಗೇಮು ಬಿಟ್ಟು ಬೇರೆ ಸುದ್ದಿ ಇರಲಿಲ್ಲ. ಆಮೇಲೆ ಜನ ಆಟ ಬಿಟ್ಟು ಮಾತಾಡಲು ಕೂತರು, 2018ರಲ್ಲಿ 'ಜಸ್ಟ್ ಚಾಟಿಂಗ್' ಅಂತ ಒಂದು ಕೆಟಗರಿಯೇ ಬಂತು. ಸುಮ್ನೆ ಹರಟೆ. ಈಗ ಅಲ್ಲಿ ಜನ ಮುಗಿಬೀಳುವುದೇ ಅದಕ್ಕೆ. ಅರಳಿಕಟ್ಟೆಗೆ ಹೆಸರು ಕೊಟ್ಟರೆ ಇಷ್ಟು ವ್ಯಾಪಾರ ಆಗುತ್ತೆ ಅಂತ ನಮ್ಮ ಹಿರಿಯರಿಗೆ ಯಾರೂ ಹೇಳಲಿಲ್ಲ.

ಇರಲಿ, ನಿನ್ನೆಗೆ ಬರೋಣ.

ಭದ್ರಾವತಿ ದಾಟುವಷ್ಟರಲ್ಲಿ ಪ್ರೇಕ್ಷಕರ ಸಂಖ್ಯೆ 9 ಆಯಿತು. ತರೀಕೆರೆಗೆ 14. ನನಗೆ ಎದೆ ಡವಡವ. ಒಂದೂವರೆ ವರ್ಷದ ಶ್ರಮ ಫಲ ಕೊಡುತ್ತಿದೆ ಅಂದುಕೊಂಡೆ. ದನಿ ಸ್ವಲ್ಪ ಗಂಭೀರ ಮಾಡಿಕೊಂಡೆ. ಇಂಡಿಕೇಟರ್ ಹಾಕಿ ತಿರುಗಿಸಲು ಶುರು ಮಾಡಿದೆ, ಅದುವರೆಗೆ ಒಮ್ಮೆಯೂ ಹಾಕಿರಲಿಲ್ಲ.

ಆಗ ಚಾಟಿನಲ್ಲಿ ಹೊಸಬನೊಬ್ಬ ಬಂದ. 'ವೇರ್ ಈಸ್ ದ ಬೋರ್ಡ್?'

ನನಗೆ ಏನೂ ಅನುಮಾನ ಬರಲಿಲ್ಲ. ಬಂದಿದ್ದರೂ ಉತ್ತರ ಕೊಡುವ ಅವಕಾಶ ಇರಲಿಲ್ಲ. ಕಂಡಕ್ಟರ್ ಇದ್ದಾನಲ್ಲ.

'ಮುಂದೆ ಗಾಜಿನ ಮೇಲೆ ಇದೆ ನೋಡ್ರಿ. ಶಿವಮೊಗ್ಗ ಬೆಂಗಳೂರು. ವಯಾ ತರೀಕೆರೆ ಕಡೂರು ಅರಸೀಕೆರೆ.'

ಅವನು ಅದನ್ನು ಯಾವ ಯಂತ್ರಕ್ಕೆ ಹಾಕಿ ಅನುವಾದ ಮಾಡಿಕೊಂಡನೋ. 'ವಿಚ್ ಓಪನಿಂಗ್?' ಅಂದ. ಚೆಸ್ಸಿನಲ್ಲಿ ಓಪನಿಂಗ್ ಅಂದರೆ ಆಟದ ಶುರುವಿನ ನಡೆಗಳು.

ಮಾವನಿಗೆ ಓಪನಿಂಗ್ ಅರ್ಥವಾಯಿತು. 'ಮುಂದಿನ ಬಾಗಿಲು. ಹಿಂದೆ ಎಮರ್ಜೆನ್ಸಿ.'

ಇನ್ನೊಬ್ಬ ಬಂದ. ಆಟಗಾರನ ಮಟ್ಟ ಹೇಳುವ ಅಂಕ ಬೇಕಿತ್ತು ಅವನಿಗೆ. 'ರೇಟಿಂಗ್ ಪ್ಲೀಸ್?'

'ರೇಟು ಎಕ್ಸ್‌ಪ್ರೆಸ್‌ಗೆ ಬೇರೆ ರಾಜಹಂಸಕ್ಕೆ ಬೇರೆ. ಹೆಂಗಸರಾದರೆ ಈ ಬಸ್ಸಿಗೆ ಫ್ರೀ ಆಧಾರ್ ತೋರಿಸ್ಬೇಕು.'

2023ರ ಜೂನಿನಲ್ಲಿ ಶಕ್ತಿ ಯೋಜನೆ ಬರುವ ಹೊತ್ತಿಗೆ ಮಾವ ರಿಟೈರ್ ಆಗಿ ಎಷ್ಟೋ ವರ್ಷ ಆಗಿತ್ತು. ಒಂದೂ ಸೊನ್ನೆ ಟಿಕೆಟ್ ಹರಿಯಲಿಲ್ಲವಲ್ಲ ಅನ್ನುವ ಕೊರಗು ಅವನಿಗಿದೆ. ನಿನ್ನೆ ತೀರಿಸಿಕೊಂಡ.

ಮೂರನೆಯವನು ನಿಜವಾದ ಆಟಗಾರ ಇರಬೇಕು. 'ವಾಟ್ಸ್ ದ ಟೈಮ್ ಕಂಟ್ರೋಲ್?' ಅಂತ ಕೇಳಿದ. ಅಂದರೆ ಒಬ್ಬೊಬ್ಬರಿಗೆ ಆಡಲು ಎಷ್ಟು ಸಮಯ ಅಂತ.

'ಏಳು ಗಂಟೆ ಅನ್ಕೊಳ್ರಿ. ನೆಲಮಂಗಲದಲ್ಲಿ ಜಾಮ್ ಆದರೆ ನಾನು ಜವಾಬ್ದಾರನಲ್ಲ.'

ನಾನು ಆ ಹೊತ್ತಿಗೆ ಒಂದು ತಿರುವಿನಲ್ಲಿ ಬೆವರುತ್ತಿದ್ದೆ. ಚಾಟು ಓದುತ್ತಾ ಬಸ್ಸು ಓಡಿಸುವುದು ಫೋನಿನಲ್ಲಿ ಮಾತಾಡುತ್ತಾ ಓಡಿಸಿದಷ್ಟೇ ಅಪರಾಧ. ಕಣ್ಣಂಚಿನಲ್ಲಿ 'ವೈಟ್ ಆರ್ ಬ್ಲ್ಯಾಕ್?' ಅಂತ ಒಂದು ಸಾಲು ಹೋಯಿತು, ಅದರ ಹಿಂದೆಯೇ 'ಕೆಂಪು ಬಸ್ಸು ಸ್ವಾಮಿ ಕಣ್ಣು ಕಾಣಲ್ವಾ' ಅನ್ನುವ ಉತ್ತರ. ಯಾರೋ ಬಿದ್ದು ಬಿದ್ದು ನಗುವ ಚಿತ್ರ ಹಾಕಿದರು. ಇನ್ಯಾರೋ 'ಕ್ವೀನ್ ಎಲ್ಲಿ' ಅಂದರು. ಮಾವ 'ಲೇಡೀಸ್ ಸೀಟು ಡ್ರೈವರ್ ಹಿಂದೆ' ಅಂದ. ಸಂಖ್ಯೆ 23. ನನ್ನ ಚಾನೆಲಿನ ಚರಿತ್ರೆಯಲ್ಲೇ ಇಷ್ಟು ಜನ ಇರಲಿಲ್ಲ. ಒಬ್ಬನಂತೂ ನನ್ನ ಬಸ್ಸು ಎಮ್ಮೆಯಂಥ ಒಂದು ಕಾರಿಗೆ ತಾಗಿದಾಗ 'ಬ್ಲಂಡರ್' ಅಂತ ಎರಡು ಪ್ರಶ್ನಾರ್ಥಕ ಚಿಹ್ನೆ ಹಾಕಿದ. ಚೆಸ್ಸಿನಲ್ಲಿ ಕೆಟ್ಟ ನಡೆಗೆ ಹಾಗೆ ಹಾಕುತ್ತಾರೆ.

ಆ ಎರಡು ಪ್ರಶ್ನಾರ್ಥಕ ನೋಡಿದಾಗ ನನಗೆ ಬುದ್ಧಿ ಬಂತು. ಬಸ್ಸನ್ನು ರಸ್ತೆ ಪಕ್ಕ ನಿಲ್ಲಿಸಿ ಕೆಟಗರಿ ನೋಡಿದೆ. ಚೆಸ್. ಹೊಟ್ಟೆಯೊಳಗೆ ಏನೋ ಕುಸಿಯಿತು.

ಇಲ್ಲಿ ನನಗೆ ನಿಜವಾಗಿ ಸಿಟ್ಟು ಬಂದದ್ದು ಮಾಡರೇಟರ್ ಮೇಲೆ. ಚಾಟು ಕಾಯಲಿ ಅಂತಲೇ ಒಬ್ಬ ಗೆಳೆಯನನ್ನು ಇಟ್ಟುಕೊಂಡಿದ್ದೇನೆ. ಸಂಬಳ ತಿಂಗಳಿಗೊಂದು ಮಸಾಲೆ ದೋಸೆ. ಫೋನ್ ಮಾಡಿದೆ. 'ಹೌದೋ, ಶುರುವಿನಲ್ಲೇ ನೋಡ್ದೆ. ಬೇಕಂತಲೇ ಹಾಕಿದೀಯ ಅನ್ಕೊಂಡೆ. ಚೆನ್ನಾಗಿತ್ತು ಕಣೋ ಐಡಿಯಾ' ಅಂದ. ಪ್ಯಾಂಟಿನ ಜಿಪ್ಪು ತೆರೆದಿದ್ದರೆ ಹೇಳದೆ, ಫ್ಯಾಷನ್ ಇರಬೇಕು ಅಂತ ಸುಮ್ಮನಿರುವ ಜಾತಿ ಇದು. ಈ ತಿಂಗಳ ದೋಸೆ ಕಟ್.

ಕೆಟಗರಿ ಬದಲಾಯಿಸಿದೆ. ಇಂಡೋನೇಷ್ಯಾದ್ದೇ ಹೌದೋ ಅಲ್ಲವೋ ಅಂತ ಮೂರು ಸಲ ನೋಡಿ ಒತ್ತಿದೆ. ಐದು ನಿಮಿಷದಲ್ಲಿ 23 ಹೋಗಿ 15, ಆಮೇಲೆ 9, ಆಮೇಲೆ 7. ಗೇಮಿನ ಹೆಸರು ಹಿಡಿದು ಹುಡುಕುವವರ ಪಟ್ಟಿಯಲ್ಲಿ ಜನ ಜಾಸ್ತಿ ಇರುವ ಚಾನೆಲುಗಳು ಮೇಲೆ, ನಾನು ಪಾತಾಳದಲ್ಲಿ. ಪ್ರಾಮಾಣಿಕತೆಗೆ ಸಿಕ್ಕ ಫಲ.

'ಮಧ್ಯದಲ್ಲಿ ಬೋರ್ಡು ತಿರುಗಿಸಿದರೆ ಜನ ಇಳೀತಾರಪ್ಪ' ಅಂತ ಚಾಟಿನಲ್ಲಿ ಬಿತ್ತು. ಆಮೇಲೆ ಬಹಳ ಹೊತ್ತು ಮಾವನ ಕಡೆಯಿಂದ ಏನೂ ಇಲ್ಲ. ಹೋಲ್ಡಾನ್ ಕೂಡ ಇಲ್ಲ. ನಿದ್ದೆ ಬಂತೇನೋ ಅಂದುಕೊಂಡೆ. ಅರಸೀಕೆರೆ ಹತ್ತಿರ ಬಂದಾಗ ಒಂದು ಉದ್ದ ಸಾಲು ಬಂತು, ಅಲ್ಪವಿರಾಮ ಪೂರ್ಣವಿರಾಮ ಯಾವುದೂ ಇಲ್ಲದ್ದು.

ಅವನು ಕೆಲಸಕ್ಕೆ ಸೇರಿದ ಹೊಸತು. ಆಗ ಬೋರ್ಡು ತಗಡಿನದು. ಈ ಕಡೆ ಬೆಂಗಳೂರು, ಮಗುಚಿದರೆ ಶಿವಮೊಗ್ಗ. ತಿರುಗಿಸುವ ಕೆಲಸ ಕಂಡಕ್ಟರದ್ದು. ಒಂದು ರಾತ್ರಿ ಮಳೆಯಲ್ಲಿ ಮರೆತ. ಕಡೂರಿನಲ್ಲಿ ಒಬ್ಬ ಅಜ್ಜಿ ಹತ್ತಿತು. ಓದು ಬಾರದು, ಯಾರೋ ಬೋರ್ಡು ಓದಿ ಹತ್ತಿಸಿದ್ದರು. ಮಗಳ ಬಾಣಂತನಕ್ಕೆ ಶಿವಮೊಗ್ಗಕ್ಕೆ ಹೊರಟಿದ್ದ ಅಜ್ಜಿ, ಬಸ್ಸು ಬೆಂಗಳೂರಿನ ಕಡೆಗೆ. ಹತ್ತಿದ್ದೇ ನಿದ್ದೆ. ತುಂಬಿದ ಬಸ್ಸಿನಲ್ಲಿ ಟಿಕೆಟ್ ಕೊಡುತ್ತಾ ಮಾವ ಅಜ್ಜಿಯ ಹತ್ತಿರ ಬರುವಾಗ ಅರಸೀಕೆರೆ. ಎದುರು ಬಸ್ಸು ಬರುವ ತನಕ ಅಜ್ಜಿಯನ್ನು ಸ್ಟ್ಯಾಂಡಿನ ಬೆಂಚಿನ ಮೇಲೆ ಕೂರಿಸಿ, ಟೀ ಕೊಡಿಸಿ, ಅಲ್ಲಿನವರಿಗೆ ಹೇಳಿ ಇವನು ಹೊರಡಲೇಬೇಕಾಯಿತು.

'ಬೈಲಿಲ್ಲ ಕಣೋ ಆ ಅಜ್ಜಿ ಬೈದಿದ್ರೆ ಮರೆತುಬಿಡ್ತಿದ್ದೆ' ಅಂತ ಕೊನೆಗಿತ್ತು.

ನಾನು ಏನು ಹೇಳಲಿ? ಹಾರನ್ ಹೊಡೆದೆ. ಈ ಗೇಮಿನಲ್ಲಿ ಹಾರನ್ನಿಗೆ ಹಾಡಿನ ಹಾಗೆ ರಾಗ ಬೇರೆ ಇದೆ, ಆ ಹೊತ್ತಿಗೆ ಸ್ವಲ್ಪವೂ ಹೊಂದಲಿಲ್ಲ.

ಉಳಿದ ಏಳು ಜನರಲ್ಲಿ ಒಬ್ಬ ಮಾತ್ರ ಚೆಸ್ಸಿನ ಕಡೆಯವನು, ಮೊದಲು ಬೋರ್ಡು ಕೇಳಿದ್ದನಲ್ಲ, ಅವನೇ. ಯಾಕೆ ಉಳಿದನೋ ಗೊತ್ತಿಲ್ಲ. 'ನೆಕ್ಸ್ಟ್ ಸ್ಟಾಪ್?' ಅಂತ ಕೇಳಿದ. ಪರದೆಯ ಮೇಲೆ ಹಸಿರು ಫಲಕದಲ್ಲಿ ಇಂಡೋನೇಷ್ಯಾದ ಯಾವುದೋ ಊರಿನ ಹೆಸರಿತ್ತು. ಮಾವ 'ತಿಪಟೂರು ಹತ್ತು ನಿಮಿಷ ಇಳಿಯೋರು ಬೇಗ ಬನ್ನಿ' ಅಂದ.

ಹನ್ನೊಂದೂವರೆಗೆ ಲೈವ್ ಮುಗಿಸಿದೆ. ಇವತ್ತು ಬೆಳಿಗ್ಗೆ ಏಳಕ್ಕೆ, ಅಂದರೆ ಸುಟ್ಟ ಕಾಫಿಗೂ ಮೊದಲು, ಮಾವನ ಫೋನ್.

'ಆ ಇಂಗ್ಲಿಷಿನೋನು ಎಲ್ಲಿ ಇಳಿದ?'

'ಗೊತ್ತಿಲ್ಲ ಮಾವ. ಮುಗಿಯೋ ಹೊತ್ತಿಗೆ ಇರಲಿಲ್ಲ.'

'ಅಯ್ಯೋ' ಅಂದ. 'ತುಮಕೂರಿಗೆ ಟಿಕೆಟ್ ಕೊಟ್ಟಿದ್ದೆ.'